ಜಪಾನಿನ ಹುಡುಗಿ ಹೊರಳಿದ ದಾರಿ

ಬಾವಿಗೆ ಇಳಿಬಿಟ್ಟ ಪಾತಾಳಗರಡಿ ಮೂರನೆಯ ಸಲ ಮೇಲೆ ಬಂತು. ಅದರ ಕೊಕ್ಕೆಗೆ ಸಿಕ್ಕಿದ್ದು ತಳ ಹೋದ ಒಂದು ತಾಮ್ರದ ಕೊಡ, ಮುಷ್ಟಿಯಷ್ಟು ಪಾಚಿ. ಹೆಣವಲ್ಲ.

ಬಾವಿಯ ಕಟ್ಟೆಯ ಮೇಲೆ ಕೂತಿದ್ದ ಕರೆವ್ವ ಎದೆ ಬಡಿದುಕೊಳ್ಳುವುದನ್ನು ನಿಲ್ಲಿಸಿ ಬಗ್ಗಿ ನೋಡಿದಳು. ಮಗಳಲ್ಲ ಎಂದು ಖಾತ್ರಿಯಾದ ಮೇಲೆ ಮತ್ತೆ ಶುರು ಮಾಡಿದಳು.

“ಯಪ್ಪಾ ಫೌಜದಾರ ಸಾಹೇಬ್ರ, ಇನ್ನೊಮ್ಮೆ ಬಿಡಸ್ರಿ. ಆ ಮೂಲ್ಯಾಗ ನೀರು ಆಳ ಐತ್ರಿ.”

“ಎಲ್ಲಾ ಮೂಲಿ ನೋಡಿಸೀನಿ ಯವ್ವಾ. ನಿನ್ನ ಮಗಳು ಈ ಬಾವ್ಯಾಗ ಇಲ್ಲ.”

“ಹಂಗಾರ ಎಲ್ಲಿ ಅದಾಳ್ರಿ?”

ಅದಕ್ಕೆ ನನ್ನ ಹತ್ತಿರ ಉತ್ತರ ಇದ್ದಿದ್ದರೆ ಚೈತ್ರದ ಆ ಬಿಸಿಲಲ್ಲಿ, ತಲೆಯ ಮೇಲೆ ಸರಕಾರಿ ರುಮಾಲು ಹೊತ್ತುಕೊಂಡು ಬೈಲಹೊಂಗಲದ ಹೊರಗಿನ ಈ ಹಾಳು ಬಾವಿಯ ಮುಂದೆ ನಾನೇಕೆ ಬೆವರು ಸುರಿಸುತ್ತ ನಿಲ್ಲುತ್ತಿದ್ದೆ? ಕರೆವ್ವ, ಮುದಕಪ್ಪ ದಂಪತಿಯ ಮಗಳು ಬಾಯವ್ವ ಸೋಮವಾರ ನಸುಕಿನಲ್ಲಿ ಮನೆ ಬಿಟ್ಟವಳು ಬುಧವಾರವಾದರೂ ಸಿಕ್ಕಿರಲಿಲ್ಲ. ಟೆಂಟ್ ಸಿನಿಮಾದಲ್ಲಿ ಕಥೆ ಹೇಳುವ, ಆಟ ಬಿಟ್ಟಾಗ ಕತ್ತಲಲ್ಲಿ ಒಂದೆರಡು ಸಲ ಅವಳನ್ನು ಮಾತಾಡಿಸಿದ್ದ ಲಗಮಪ್ಪನೇ ಅವಳನ್ನು ಕೊಂದಿದ್ದಾನೆಂದು ಊರು ತೀರ್ಮಾನ ಮಾಡಿ, ಅವನ ಅಂಗಿ ಹರಿದು, ಠಾಣೆಗೆ ತಂದು ನೂಕಿತ್ತು.

ಬಾವಿಯ ಪಕ್ಕ ಬಟ್ಟೆ ಒಗೆಯುವ ಒಂದು ಕಲ್ಲು. ಅದರ ಮೇಲೆ ಹಸಿರು ಬಳೆಯ ಚೂರುಗಳು. ಊರಿನವರು ಇವಳು ಬಾವಿಗೆ ಬಿದ್ದಳು ಎಂದು ಹೇಳಿದ್ದು ಈ ಚೂರುಗಳನ್ನು ನೋಡಿಯೇ.

ನಾನು ಕುಕ್ಕರಗಾಲಲ್ಲಿ ಕೂತು ನೋಡಿದೆ. ಚೂರುಗಳೆಲ್ಲ ಒಂದೇ ಕಡೆ ಇದ್ದವು, ಗುಡ್ಡೆಯಾಗಿ. ಪಕ್ಕದಲ್ಲೇ ಒಂದು ಸಣ್ಣ ಕಲ್ಲು, ಅದರ ತುದಿಗೆ ಹಸಿರು ಪುಡಿ. ಯಾರದೋ ಕೈ ಹಿಡಿದು ಎಳೆದಾಡಿದ್ದರೆ ಚೂರು ಹೀಗೆ ಗುಡ್ಡೆಯಾಗಿ ಬೀಳುವುದಿಲ್ಲ. ಇವನ್ನು ಕೈಯಿಂದ ತೆಗೆದು, ಕಲ್ಲಿನ ಮೇಲಿಟ್ಟು, ಸಾವಕಾಶವಾಗಿ ಕುಟ್ಟಲಾಗಿತ್ತು.

“ಈ ಬಳಿ ಯಾರು ಇಡಿಸಿದ್ದು?” ಎಂದು ಕೇಳಿದೆ.

ಮುದಕಪ್ಪ ಕಂಬಳಿ ಹೆಗಲಿಗೆ ಹಾಕಿಕೊಂಡು ಬೇವಿನ ಗಿಡಕ್ಕೆ ಒರಗಿ ನಿಂತಿದ್ದ. ಎರಡು ದಿನದಿಂದ ಆತ ಉಂಡಿಲ್ಲ ಎನ್ನುವುದು ಮುಖ ನೋಡಿದರೆ ತಿಳಿಯುತ್ತಿತ್ತು. ಕರೆವ್ವನೇ ಹೇಳಿದಳು.

“ನನ್ನ ತಮ್ಮ ಅಮೋಘಸಿದ್ದಪ್ಪ್ರಿ. ನಿಶ್ಚೇದ ದಿನ ಅವನ ಮನಿಯವ್ರು ಇಡಿಸಿದ್ದು. ನನ್ನ ಈ ಮನಿಗೆ ಕೊಡೂವಾಗ ನಮ್ಮಪ್ಪ ಒಂದ ಮಾತು ಕೇಳಿದ್ದ್ರಿ. ಮೊದಲ ಹೆಣ್ಣ ಹುಟ್ಟಿದ್ರ ನಮ್ಮ ಮನಿಗೇ ಹೊಳ್ಳಿ ಬರಬೇಕು ಅಂತ. ನಾ ಹೂಂ ಅಂದಿದ್ದೆ. ಈಗ ತಮ್ಮಗ ಏನು ಹೇಳ್ಲಿ? ಅವ ಮೊದಲ ಸಿಟ್ಟಿನಾಂವ.”

“ಮೂರು ದಿನ ಆತು, ನಿನ್ನ ತಮ್ಮ ಯಾಕ ಬಂದಿಲ್ಲ?”

“ಹೇಳಿ ಕಳಿಸೇವ್ರಿ. ರಾಮದುರ್ಗದ ಕಡೆಯಿಂದ ಬರಬೇಕಲ್ಲ.”

ನನಗೆ ಅದು ಸರಿ ಬರಲಿಲ್ಲ. ಮದುವೆಯಾಗುವ ಹುಡುಗಿ ಕಾಣೆಯಾದಳು ಎಂದರೆ ಎತ್ತು ಸತ್ತರೂ ಸರಿ ಎಂದು ಓಡಿ ಬರಬೇಕಾದವನು ಅವನು. ಆ ಹೆಸರನ್ನು ಮನಸ್ಸಿನಲ್ಲಿ ಬೇರೆ ತೆಗೆದಿಟ್ಟುಕೊಂಡೆ.

ಆದರೆ ಬಳೆಯ ಚೂರು ನೋಡಿ ನನಗೆ ಸ್ವಲ್ಪ ಧೈರ್ಯ ಬಂದಿತ್ತು. ಸಾಯಲು ಹೊರಟವಳಿಗೆ ಬಳೆ ಕುಟ್ಟುವ ಉಸಾಬರಿ ಯಾಕೆ ಬೇಕು? ಮಾವನ ಹಂಗು ಹರಿದುಕೊಂಡು ಬೇರೆ ಕಡೆ ಬಾಳುವೆ ಮಾಡಲು ಹೊರಟವಳೇ ಹೀಗೆ ಮಾಡುವುದು. ಹುಡುಗಿ ಜೀವಂತ ಇದ್ದಾಳೆ ಎಂದು ನನ್ನ ಒಳಗೆ ಯಾರೋ ಗಟ್ಟಿಯಾಗಿ ಹೇಳಿದರು. ಅದನ್ನು ಕರೆವ್ವನಿಗೆ ಹೇಳಲು ಬಾಯಿ ಬರಲಿಲ್ಲ. ಸುಳ್ಳಾದರೆ ಆ ತಾಯಿ ಎರಡನೆಯ ಸಲ ಸಾಯಬೇಕು.

*

ಲಗಮಪ್ಪ ಠಾಣೆಯ ಕೋಣೆಯಲ್ಲಿ ಮೊಣಕಾಲಿಗೆ ಗದ್ದ ಊರಿ ಕೂತಿದ್ದ. ಕಿತ್ತೂರಿನ ಹತ್ತಿರದ ದೇಗಾಂವದ ಹುಡುಗ. ಬಯಲಾಟದಲ್ಲಿ ಹಾಡಿ ಕುಣಿದು ಹೆಸರು ಮಾಡಿದವನು. ಮೂಕ ಚಿತ್ರಕ್ಕೆ ಬಾಯಿ ಇಲ್ಲವಲ್ಲ, ಟೆಂಟಿನ ಮಾಲೀಕ ಪಾಂಡುರಂಗ ಇವನನ್ನು ಪರದೆಯ ಪಕ್ಕ ನಿಲ್ಲಿಸಿ ಕಥೆ ಹೇಳಿಸುತ್ತಿದ್ದ. ದನಿ ಮಾತ್ರ ಹೇಳಬೇಕಾದ್ದೇ ಇಲ್ಲ. ಅವನು ಅತ್ತರೆ ಟೆಂಟು ಅಳುತ್ತಿತ್ತು.

“ಏಳಲೇ,” ಎಂದೆ. “ಹುಡುಗಿನ್ನ ಎಲ್ಲಿಟ್ಟಿ?”

“ನಾ ಇಟ್ಟಿಲ್ರಿ ಸಾಹೇಬ್ರ.”

“ಕೊಂದೀ ಏನು?”

“ಅಯ್ಯಯ್ಯಪ್ಪ! ಬಿಡ್ತು ಅನ್ರಿ.”

“ಸೋಮವಾರ ನಸಕಿನ್ಯಾಗ ಎಲ್ಲಿದ್ದಿ?”

“ಕಿತ್ತೂರ ದಾರಿಯೊಳಗ್ರಿ. ಕೂಡುದಾರಿ ದಾಟಿ ಹುಣಸಿಗಿಡದ ಕೆಳಗ ಚಕ್ಕಡಿ ನಿಲ್ಲಿಸಿಕೊಂಡು ಕುಂತಿದ್ದೆ. ಆಕಿ ಬಂದ್ರ ದೇಗಾಂವಕ್ಕ ಕರಕೊಂಡ ಹೋಗಿ ಕಮಲನಾರಾಯಣನ ಗುಡಿಯೊಳಗ ತಾಳಿ ಕಟ್ಟಾಂವಿದ್ದೆ. ಹೊತ್ತು ನೆತ್ತಿಗೆ ಬರೂತನಾ ಕಾದೆ. ಬರಲಿಲ್ಲ.”

ಚಕ್ಕಡಿ ಹೂಡಿದವನನ್ನು ಹವಾಲ್ದಾರ ಬೆಳಿಗ್ಗೆಯೇ ಹಿಡಿದು ಕೇಳಿ ಬಂದಿದ್ದ. ಆ ಮಾತು ನಿಜ. ಲಗಮಪ್ಪ ಅಲ್ಲೇ ಕೂತಿದ್ದ, ಹುಡುಗಿ ಬಂದಿರಲಿಲ್ಲ.

“ಅಲ್ಲೋ, ಅಲ್ಲಿಗೆ ಬಾ ಅಂತ ಆಕಿಗೆ ಹೆಂಗ ಹೇಳಿದಿ? ಮುದಕಪ್ಪ ಮಗಳನ್ನ ಅಂಗಳ ದಾಟಿಸ್ತಿರಲಿಲ್ಲ. ಅವ್ವನ ಜೋಡಿ ಸಿನೇಮಾಕ್ಕ ಬರೂದು ಬಿಟ್ಟರ ಆಕಿಗೆ ಹೊರಗಿನ ಗಾಳಿನ ಇರಲಿಲ್ಲ.”

“ಸಿನೇಮಾದೊಳಗ ಹೇಳಿದೆ.”

“ಯಾರ ಕಡಿಂದ?”

“ಯಾರ ಕಡಿಂದನೂ ಇಲ್ರಿ. ನಾನ ಹೇಳಿದೆ. ಊರ ಮಂದಿ ಎಲ್ಲಾ ಕುಂತಿದ್ರು. ನೀವೂ ಕುಂತಿದ್ರಿ, ಮುಂದಿನ ಸಾಲಿನ್ಯಾಗ, ಶೇಂಗಾ ತಿನಕೋತ.”

ಎಲಾ ಇವನ! ಶೇಂಗಾ ತಿಂದದ್ದು ನಿಜ. ಹವಾಲ್ದಾರ ನಕ್ಕ. ನಾನು ಕಣ್ಣು ಕೆಕ್ಕರಿಸಿದೆ, ಬಾಯಿ ಮುಚ್ಚಿಕೊಂಡ.

ಪಾಂಡುರಂಗ ಮುಂಬೈಯಿಂದ ತಂದಿದ್ದ ಆ ಚಿತ್ರ ಜಪಾನ ದೇಶದ್ದು. ಕಾಗದದ ಕೊಡೆ ಮಾಡುವವನ ಮಗಳೊಬ್ಬಳು ನದಿ ದಾಟಿಸುವ ಅಂಬಿಗನನ್ನು ಪ್ರೀತಿಸುತ್ತಾಳೆ. ಅವಳ ತಂದೆಯೋ, ತನ್ನನ್ನು ಸಾಕಿದ ದೊಡ್ಡ ಮನೆತನಕ್ಕೆ ಮಗಳನ್ನು ಸೊಸೆಯಾಗಿ ಕೊಡುತ್ತೇನೆಂದು ಮಾತು ಕೊಟ್ಟವನು. ಹುಡುಗಿ ತಂದೆಯ ಮುಂದೆ ನೆಲಕ್ಕೆ ಹಣೆ ಹಚ್ಚಿ ಬಗ್ಗುತ್ತಾಳೆ, ತಂದೆ ಮುಖ ತಿರುಗಿಸಿ ಬಿದಿರು ಸೀಳುತ್ತಲೇ ಇರುತ್ತಾನೆ. ನಡುನಡುವೆ ಜಪಾನಿ ಅಕ್ಷರ ಬರುತ್ತಿದ್ದವು. ಅವನ್ನು ಓದುವವರು ಬೈಲಹೊಂಗಲದಲ್ಲಿ ಯಾರಿದ್ದಾರೆ? ಲಗಮಪ್ಪ ಹೇಳಿದ್ದೇ ಕಥೆ.

ಕಥೆಯ ಕೊನೆಯ ಕಡೆ ಹುಡುಗಿ ನಸುಕಿನಲ್ಲಿ ಮನೆ ಬಿಟ್ಟು ಹೊರಡುತ್ತಾಳೆ. ಊರ ಹೊರಗೆ ದಾರಿ ಎರಡಾಗುತ್ತದೆ. ನಡುವೆ ಕೂಸಿನ ಮುಖದ ಒಂದು ಕಲ್ಲು ದೇವರು. ಒಂದು ದಾರಿ ಅಂಬಿಗನ ಕಡೆಗೆ, ಇನ್ನೊಂದು ದೊಡ್ಡ ಮನೆಯ ಕಡೆಗೆ. ಅವಳು ಆ ದೇವರ ಮುಂದೆ ನಿಂತು, ನಮಗೆ ಬೆನ್ನು ಮಾಡಿ, ಎಷ್ಟು ಹೊತ್ತು ಯೋಚನೆ ಮಾಡುತ್ತಾಳೆಂದರೆ ನನ್ನ ಪಕ್ಕದವನು “ಹೋಗ ತಂಗಿ, ಹೋಗ” ಎಂದು ಕೂಗಿಯೇ ಬಿಟ್ಟಿದ್ದ.

“ಅಲ್ಲಿ ಏನು ಹೇಳಿದಿ? ಹೇಳು ನೋಡೂಣು.”

ಲಗಮಪ್ಪ ಎದ್ದು ನಿಂತ. ಹರಿದ ಅಂಗಿ, ಊದಿದ ತುಟಿ. ಆದರೂ ದನಿ ಬಂತು ನೋಡಿ, ಠಾಣೆಯ ಗೋಡೆ ನಡುಗುವ ಹಾಗೆ.

“ಕೇಳವ್ವಾ ನನ್ನವ್ವಾ! ನಾಳಿ ಕೋಳಿ ಕೂಗೂ ಹೊತ್ತಿಗೆ ಊರ ಬಿಟ್ಟು ಕೂಡುದಾರಿಗೆ ಬಾ. ಈ ಹುಡುಗಿ ಯಾ ಕೈಗೆ ಹೊಳ್ಳತಾಳ ಕಣ್ಣಿಟ್ಟ ನೋಡು. ಆ ಕೈಗೇ ನಿನ್ನ ಬಾಳೇವು ಐತಿ, ಆ ಕೈಗೇ ನಿನ್ನಾಂವ ನಿಂತಾನ!”

ಹವಾಲ್ದಾರ ಕಣ್ಣು ಒರೆಸಿಕೊಂಡ. ನಾನೂ ಒಂದು ಗಳಿಗೆ ಠಾಣೆ ಮರೆತೆ, ಸುಳ್ಳೇಕೆ ಹೇಳಲಿ?

“ಬಲಕ್ಕ ಹೊಳ್ಳಿದ್ಲು,” ಎಂದೆ.

“ಹೌದ್ರಿ, ಬಲಕ್ಕ. ನಮ್ಮ ಊರ ಕೂಡುದಾರಿಯೊಳಗ ಬಲಕ್ಕ ಕಿತ್ತೂರು, ಎಡಕ್ಕ ಸವದತ್ತಿ. ಆಕಿಗೆ ತಿಳೀತು ಅಂದುಕೊಂಡೆ. ತಿಳದೂ ಬರಲಿಲ್ಲ. ಮನಿತನ ದೊಡ್ಡದಾತು ಆಕಿಗೆ.” ಅವನು ಮತ್ತೆ ಮೂಲೆಗೆ ಕುಸಿದು ಮುಖ ಮುಚ್ಚಿಕೊಂಡ. “ನನ್ನ ಗಲ್ಲಿಗೆ ಹಾಕಿದ್ರೂ ಹಾಕ್ರಿ.”

“ಹಾಕೂದು ಬಿಡೂದು ನಿನ್ನ ಕೇಳಿ ಮಾಡಂಗಿಲ್ಲ,” ಎಂದು ಗದರಿಸಿ ಹೊರಗೆ ಬಂದೆ. ತಲೆ ಕೆಟ್ಟು ಮೊಸರು ಗಡಿಗೆಯಾಗಿತ್ತು. ಇವನು ಸುಳ್ಳು ಹೇಳುತ್ತಿಲ್ಲ. ಹುಡುಗಿ ಬಳೆ ಒಡೆದು ಹೊರಟಿದ್ದಾಳೆ. ಹೊರಟವಳು ಅವನ ಹತ್ತಿರ ಬಂದಿಲ್ಲ. ನಡುವೆ ಅವಳನ್ನು ಯಾರು ನುಂಗಿದರು?

*

ಊಟಕ್ಕೆ ಕೂತಾಗ ನನ್ನ ಹೆಂಡತಿ ಬಸಲಿಂಗವ್ವ ರೊಟ್ಟಿ ಹಾಕಿ ಕೇಳಿದಳು.

“ಹುಡುಗಿ ಸಿಕ್ತೇನ್ರಿ?”

“ಇಲ್ಲ. ಆ ಜಪಾನಿ ಹುಡುಗಿ ಬಲಕ್ಕ ಹೋದ್ಲಂತ ಈ ಹುಚ್ಚ ಕಿತ್ತೂರ ದಾರಿಯೊಳಗ ಕಾಯಕೋತ ಕುಂತಿದ್ದನಂತ.”

“ಬಲಕ್ಕ ಎಲ್ಲಿ ಹೋದ್ಲರಿ? ಎಡಕ್ಕ ಹೋದ್ಲು.”

“ಬಲಕ್ಕ.”

“ಎಡಕ್ಕ್ರಿ. ನಾ ನೋಡೇನಿ.”

“ನಾ ಏನು ಕಣ್ಣು ಮುಚ್ಚಿಕೊಂಡಿದ್ನೇನು? ಎಡಗೈಯಾಗ ಕೊಡಿ ಹಿಡಕೊಂಡಿದ್ಲು, ಬಲಕ್ಕ ಹೊಳ್ಳಿದ್ಲು.”

“ಬಲಗೈಯಾಗ ಕೊಡಿ! ಎಡಕ್ಕ ಹೊಳ್ಳಿದ್ಲು!” ಅವಳು ಸೌಟನ್ನೇ ಕೊಡೆಯ ಹಾಗೆ ಹಿಡಿದು, ಒಲೆಯನ್ನೇ ಆ ಕಲ್ಲು ದೇವರು ಮಾಡಿಕೊಂಡು ನಡೆದು ತೋರಿಸಿದಳು. ಎಣಗಾಯಿಯ ರಸ ನನ್ನ ಧೋತರದ ಮೇಲೆ ಬಿತ್ತು. “ನಿಮಗ ಶೇಂಗಾ ತಿನ್ನೂದರಾಗ ಲಕ್ಷ್ಯ ಇತ್ತು.”

ಊರಿಗೆಲ್ಲ ಶೇಂಗಾದ್ದೇ ಚಿಂತೆ! ನನಗೆ ಸಿಟ್ಟು ನೆತ್ತಿಗೇರಿತು. ಗೋಡೆಯಾಚೆ ಅಕ್ಕಿ ಕೇರುತ್ತಿದ್ದ ಕೃಷ್ಣವ್ವನನ್ನು ಬಸಲಿಂಗವ್ವ ಕರೆದಳು.

“ಕೃಷ್ಣಕ್ಕಾ, ಜಪಾನಿ ಹುಡುಗಿ ಎತ್ತಾಗ ಹೋದ್ಲ?”

“ಎಡಕ್ಕ. ಯಾಕವಾ?”

ನಾನು ಕೈಯಲ್ಲಿ ತುತ್ತು ಹಿಡಿದುಕೊಂಡೇ ಬಾಗಿಲಿಗೆ ಬಂದು ಹವಾಲ್ದಾರನನ್ನು ಕೂಗಿದೆ. “ಲೇ, ಆ ಹುಡುಗಿ ಎತ್ತಾಗ ಹೋದ್ಲೋ?”

“ಬಲಕ್ಕ್ರಿ ಸಾಹೇಬ್ರ!”

ಬಸಲಿಂಗವ್ವ ಸೊಂಟದ ಮೇಲೆ ಕೈ ಇಟ್ಟುಕೊಂಡಳು. “ನೋಡ್ರಿ ಮತ್ತ. ಗಂಡಸೂರೆಲ್ಲಾ ಒಂದಾದ್ರಿ.”

ತುತ್ತು ಬಾಯಿಗೆ ಹೋಗಲಿಲ್ಲ. ಗಂಡಸರೆಲ್ಲ ಬಲಕ್ಕೆ ಅನ್ನುತ್ತಾರೆ, ಹೆಂಗಸರೆಲ್ಲ ಎಡಕ್ಕೆ ಅನ್ನುತ್ತಾರೆ. ಟೆಂಟಿನಲ್ಲಿ ಹೆಂಗಸರು ಎಲ್ಲಿ ಕೂತಿದ್ದರು?

ಎಲ್ಲಿ ಕೂತಿದ್ದರು ಎಂದರೆ, ಪರದೆಯ ಹಿಂದೆ! ಗಂಡಸರ ಜೊತೆ ಹೆಣ್ಣುಮಕ್ಕಳನ್ನು ಕೂಡಿಸಿದರೆ ಯಾವ ಮನೆಯವರೂ ಕಳಿಸುವುದಿಲ್ಲವೆಂದು ಪಾಂಡುರಂಗ ಟೆಂಟಿನ ನಡುವೆ ತೆಳುವಾದ ಬಿಳಿ ಬಟ್ಟೆ ಕಟ್ಟಿ, ಅದಕ್ಕೆ ನೀರು ಚಿಮುಕಿಸಿ ತೋಯಿಸುತ್ತಿದ್ದ. ತೊಯ್ದ ಬಟ್ಟೆಯಲ್ಲಿ ಚಿತ್ರ ಎರಡೂ ಕಡೆ ಮೂಡುತ್ತಿತ್ತು. ಮುಂದೆ ಗಂಡಸರು, ಹಿಂದೆ ಹೆಂಗಸರು.

ಕೈ ತೊಳೆಯದೆ ಓಡಿದೆ.

*

ಪಾಂಡುರಂಗ ಟೆಂಟಿನ ನೆರಳಲ್ಲಿ ಮಲಗಿದ್ದ. ಲಗಮಪ್ಪ ಒಳಗಾದಾಗಿನಿಂದ ಅವನಿಗೆ ಆಟವಿಲ್ಲ, ಕೆಲಸವಿಲ್ಲ. ನನ್ನನ್ನು ಕಂಡು ಗಡಬಡಿಸಿ ಎದ್ದ.

“ಆ ಕೂಡುದಾರಿ ಚಿತ್ರದ ಪಟ್ಟಿ ತೆಗಿ.”

ಅವನು ಡಬ್ಬಿಯಿಂದ ಸುರುಳಿ ತೆಗೆದು, ಹುಡುಕಿ, ಮೊಳದುದ್ದದ ಪಟ್ಟಿಯನ್ನು ಬಿಸಿಲಿಗೆ ಹಿಡಿದ. ಉಗುರಿನಷ್ಟು ಚಿತ್ರಗಳು. ಕಲ್ಲು ದೇವರು, ಕೊಡೆ, ಬೆನ್ನು ಮಾಡಿದ ಹುಡುಗಿ. ಬಲಕ್ಕೆ ಹೊರಳಿದ್ದಳು.

“ಹೊಳ್ಳಿಸಿ ಹಿಡಿ,” ಎಂದೆ.

ಅವನು ಪಟ್ಟಿಯ ಹಿಂಬದಿಯನ್ನು ನನ್ನ ಕಡೆ ಮಾಡಿದ. ಅದೇ ಹುಡುಗಿ, ಅದೇ ಕೊಡೆ. ಎಡಕ್ಕೆ ಹೊರಳಿದ್ದಳು.

“ಇದು ನಿನಗ ಗೊತ್ತಿರಲಿಲ್ಲೇನೋ?”

“ನನಗ ಗೊತ್ತೈತ್ರಿ. ಆದ್ರ ಹೆಂಗಸರು ಎಂದೂ ತಕರಾರು ಮಾಡಿಲ್ಲಲ್ರಿ,” ಎಂದ ಪಾಂಡುರಂಗ. “ಲಗಮಪ್ಪ ಹೊಸಬ್ರಿ. ಆ ಕಡೆ ಎಂದೂ ಹೋಗಿಲ್ಲ. ಗಂಡಸರನ್ನ ಬಿಡಂಗಿಲ್ಲಲ್ಲ.”

ಆ ನೆಲದ ಮೇಲೆಯೇ ಕೂತು ನಕ್ಕೆ. ಹೊಟ್ಟೆ ಹಿಡಿದುಕೊಂಡು ನಕ್ಕೆ. ಪಾಂಡುರಂಗ ನನಗೆ ಬಿಸಿಲು ಹತ್ತಿತೆಂದು ನೀರು ತರಲು ಓಡಿದ. ಎಂಥ ಹುಚ್ಚು ಹುಡುಗರಿವರು! ಅವನು ಹೇಳಿದ ಹಾಗೆಯೇ ಅವಳು ಕೇಳಿದ್ದಾಳೆ. ಅವಳು ಕಂಡ ಹಾಗೆಯೇ ನಡೆದಿದ್ದಾಳೆ. ಕೊಲೆಯಿಲ್ಲ, ಬಾವಿಯಿಲ್ಲ. ಒಬ್ಬ ಬಲಕ್ಕೆ ಕಾಯುತ್ತ ಕೂತ, ಇನ್ನೊಬ್ಬಳು ಎಡಕ್ಕೆ ಕಾಯುತ್ತ ಕೂತಳು.

ನಗು ನಿಂತದ್ದು ಎಡಗಡೆಯ ದಾರಿ ಎಲ್ಲಿಗೆ ಹೋಗುತ್ತದೆಂದು ನೆನಪಾದಾಗ. ಸವದತ್ತಿಗೆ, ಅಲ್ಲಿಂದ ರಾಮದುರ್ಗಕ್ಕೆ. ಯಾರ ಬಳೆ ಒಡೆದಿದ್ದಳೋ ಆ ಮಾವನ ಊರಿನ ದಾರಿ ಅದು. ಕರೆವ್ವನ ತಮ್ಮ ಸಿಟ್ಟಿನವನು, ಈವರೆಗೂ ಬಂದು ಮುಖ ತೋರಿಸದವನು.

ಠಾಣೆಗೆ ಬಂದು ಲಗಮಪ್ಪನ ಕೈಬೇಡಿ ಬಿಚ್ಚಿಸಿದೆ.

“ಆಕಿ ಬಂದಿದ್ಲೋ ಮಗನ! ಹಿಂದ ಕುಂತಾಕಿಗೆ ಎಡಕ್ಕ ಕಂಡೈತಿ. ಎಡಕ್ಕ ಹೋಗ್ಯಾಳ.”

ಅವನು ಕಣ್ಣು ಪಿಳಿಪಿಳಿ ಮಾಡಿದ. ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ಆಮೇಲೆ ಗೋಡೆಗೆ ಹಣೆ ಹಚ್ಚಿ ಅತ್ತ.

“ನಡಿ, ಕರಕೊಂಡ ಬರೂಣು.”

“ನಾ ಯಾಕ್ರಿ ಸಾಹೇಬ್ರ? ನೀವ ಹೋಗಿ ಕರಕೊಂಡ ಬರ್ರಿ. ನಾ ಇಲ್ಲೇ ಇರ್ತೇನಿ.”

“ನಾಚಕೋಬ್ಯಾಡ. ನಿನ್ನ ಮಾರಿ ಕಂಡ್ರ ಆಕಿಗೆ ಧೈರ್ಯ ಬರ್ತೈತಿ.” ಹೆಗಲ ಮೇಲೆ ಕೈ ಹಾಕಿ ಎಳೆದುಕೊಂಡು ಹೋದೆ.

*

ಕೂಡುದಾರಿಯ ಎಡಗಡೆ ಸ್ವಲ್ಪ ದೂರದಲ್ಲಿ ದುಂಡಪ್ಪನೆಂಬವನ ಅರವಟಿಗೆ. ದಾರಿಹೋಕರಿಗೆ ನೀರು ಕೊಡುತ್ತಾನೆ. ಕೇಳಿದ ಕೂಡಲೇ ಹೇಳಿದ.

“ಬಂದಿತ್ರಿ ಒಂದು ಹುಡುಗಿ. ಬರೇ ಕೈ, ಒಂದ ಬಳಿ ಇಲ್ಲ. ಸೋಮವಾರ ಈ ಬೇವಿನ ಗಿಡದ ಬುಡಕ್ಕ ಕುಂತಿತ್ತು. ಆಮ್ಯಾಲ ಸಿರಸಂಗಿ ಕಾಳವ್ವಗ ಹರಕಿ ಮುಟ್ಟಸಾಕ ಹೊಂಟ ಹೆಂಗಸೂರ ಚಕ್ಕಡಿ ಬಂತು. ಅದರಾಗ ಹತ್ತಿ ಹೋತ್ರಿ.”

ಸವದತ್ತಿಯವರೆಗೆ ಸರ್ವಿಸ್ ಮೋಟಾರು. ಅದರ ಧೂಳು ಕುಡಿದು ಹೊಟ್ಟೆ ತುಂಬಿತು. ರಾತ್ರಿ ಸವದತ್ತಿಯಲ್ಲಿ ಉಳಿದು, ಬೆಳಗಾದ ಕೂಡಲೇ ಟಾಂಗಾ ಮಾಡಿಕೊಂಡು ಸಿರಸಂಗಿಗೆ ಹೊರಟೆವು. ದಾರಿಯುದ್ದಕ್ಕೂ ನನಗೆ ಅದೇ ಯೋಚನೆ. ಚಕ್ಕಡಿ ಹತ್ತಿದವಳು ಅಲ್ಲಿ ಇಳಿದಳೋ ಇಲ್ಲವೋ? ಇಳಿದರೂ ಮಾವನ ಕಣ್ಣಿಗೆ ಬಿದ್ದಳೋ? ಲಗಮಪ್ಪ ಒಂದು ಮಾತೂ ಆಡಲಿಲ್ಲ. ಪಾಪ, ಹುಡುಗನ ಜೀವ ಬಾಯಿಗೆ ಬಂದಿದೆ ಎಂದುಕೊಂಡೆ.

ಕಾಳಿಕಾದೇವಿಯ ಗುಡಿಯ ಮುಂದೆ ಟಾಂಗಾ ನಿಲ್ಲಿಸಿ, “ನೀ ಇಲ್ಲೇ ಕುಂಡ್ರು, ಮೊದಲ ನಾ ಮಾತಾಡಿ ನಿನ್ನ ಕರೀತೇನಿ,” ಎಂದು ಅವನಿಗೆ ಹೇಳಿ ಒಳಗೆ ಹೋದೆ.

ಪ್ರಾಕಾರದ ನೆರಳಲ್ಲಿ ಒಬ್ಬ ಮುದುಕಿ ಗೋಧಿ ಹಸನು ಮಾಡುತ್ತಿದ್ದಳು. ಅವಳೆದುರು ಬೋಳು ಕೈಯ ಒಬ್ಬ ಹುಡುಗಿ ಮೊರದಿಂದ ಕಲ್ಲು ಆರಿಸುತ್ತಿದ್ದಳು. ಹಣೆಯ ಮೇಲೆ ಮುದಕಪ್ಪನ ಗೆರೆ, ಮೂಗು ಕರೆವ್ವನದು.

“ಬಾಯವ್ವ?”

ತಲೆ ಎತ್ತಿದಳು. ನನ್ನ ರುಮಾಲು ನೋಡಿ ಮೊರ ಕೆಳಗಿಟ್ಟು ಎದ್ದು ನಿಂತಳು.

ಹೊಟ್ಟೆಗೆ ಹಾಲು ಹೊಯ್ದಂತಾಯಿತು. ಮೂರು ದಿನದಿಂದ ನಾನು ಉಂಡದ್ದು ಉಂಡ ಹಾಗೆ ಇರಲಿಲ್ಲ, ಮಲಗಿದ್ದು ಮಲಗಿದ ಹಾಗೆ ಇರಲಿಲ್ಲ. ಪಾತಾಳಗರಡಿ ಪ್ರತಿ ಸಲ ಮೇಲೆ ಬಂದಾಗ ಅದರ ತುದಿಯಲ್ಲಿ ಇದೇ ಮುಖ ಇರಬಹುದೆಂದು ಕಣ್ಣು ಮುಚ್ಚಿಕೊಂಡಿದ್ದೆ. ಈಗ ಅದೇ ಮುಖ ಕಣ್ಣೆದುರು ಬೆವರುತ್ತ, ಉಸಿರಾಡುತ್ತ ನಿಂತಿದೆ. ದೇವಿಯ ಕಡೆ ತಿರುಗಿ ಕೈ ಮುಗಿದೆ. ಗುಡಿಗೆ ಬಂದವನು ಮೊದಲು ಮಾಡಬೇಕಾದ ಕೆಲಸ ಅದು, ಮರೆತೇ ಹೋಗಿತ್ತು.

“ನಿಮ್ಮವ್ವ ಬಾವಿ ಕಟ್ಟಿ ಮ್ಯಾಲ ಕುಂತು ಎದಿ ಬಡಕೊಳ್ಳಾಕ ಹತ್ಯಾಳವ್ವಾ,” ಎಂದೆ. ಗದರಿಸಬೇಕೆಂದಿದ್ದೆ, ದನಿ ಒಡೆಯಿತು.

ಹುಡುಗಿಯ ಕಣ್ಣು ತುಂಬಿದವು. ಅಷ್ಟರಲ್ಲಿ ಕಂಬದ ಹಿಂದಿನಿಂದ ಒಬ್ಬ ಗಂಡಸು ಎದ್ದು ಬಂದ. ಹೆಗಲ ಮೇಲೆ ಕರಿ ಕಂಬಳಿ, ಹುರಿ ಮೀಸೆ, ಕೈಯಲ್ಲಿ ಕುಡುಗೋಲು ಕಟ್ಟಿದ ಕೋಲು.

“ನಮಸ್ಕಾರ್ರಿ. ನಾ ಈಕಿ ಸ್ವಾದರಮಾವ, ಅಮೋಘಸಿದ್ದಪ್ಪ.”

ನನ್ನ ಕೈ ನಡುಪಟ್ಟಿಗೆ ಹೋಯಿತು. ಅವನು ಅದನ್ನು ನೋಡಿ ಕೋಲನ್ನು ಕಂಬಕ್ಕೆ ಒರಗಿಸಿದ.

“ಅಂಜಬ್ಯಾಡ್ರಿ. ಇದು ಕುರಿಗೆ ತಪ್ಪಲಾ ಕಡಿಯೂದು. ಅಕ್ಕ ಹೇಳಿ ಕಳಿಸಿದ ಕೂಡ್ಲೆ ಊರ ಬಿಟ್ಟೆ. ದಾರಿಯಾಗ ಈ ಗುಡಿಯೊಳಗ ಹುಡುಗಿನ್ನ ಕಂಡೆ. ನಿನ್ನೆಯಿಂದ ಕಾಯಕೋತ ಕುಂತೇನಿ. ಮನಿಗೆ ಬಾ ಅಂದ್ರ ಒಲ್ಲೆ ಅಂತಾಳ, ಅವ್ವನ ಮನಿಗೆ ನಡಿ ಅಂದ್ರೂ ಒಲ್ಲೆ ಅಂತಾಳ. ಎಳಕೊಂಡ ಹೋಗಾಕ ಈಕೇನು ಕುರಿಮರಿ ಏನ್ರಿ?”

“ಬಳಿ ಒಡದದ್ದು ನೋಡೀ ಏನಪಾ?”

“ನೋಡೀನ್ರಿ.” ಅವನು ಮೀಸೆ ಸವರಿಕೊಂಡ. ಸಿಟ್ಟು ಬರುತ್ತದೆಂದು ನಾನು ಕಾದೆ. “ಸಂಕಟ ಆತು. ಯಾಕ ಆಗಬಾರದ್ರಿ? ಈಕಿ ತೊಟ್ಟಿಲದಾಗ ಇದ್ದಾಗಿಂದ ಮಂದಿ ನನಗ ಗಂಡ ಅಂದಾರ. ಆದ್ರ ಮಾತು ಕೇಳಿದಾಂವ ನಮ್ಮಪ್ಪ, ಕೊಟ್ಟಾಕಿ ನಮ್ಮಕ್ಕ. ಹುಡುಗಿನ್ನ ಯಾರು ಕೇಳ್ಯಾರ? ಮಾತು ನಮ್ಮ ಮನಿದು, ನಾನ ಬಿಟ್ಟೆ. ಆಕಿ ಮನಸಿದ್ದಲ್ಲಿ ಕೊಡ್ರಿ. ಅಕ್ಕಗ ನಾ ಹೇಳ್ತೇನಿ.”

ಅವನನ್ನು ತಬ್ಬಿಕೊಳ್ಳಬೇಕೆನ್ನಿಸಿತು. ಮೂರು ದಿನ ಇವನ ಹೆಸರಿಗೆ ನಾನು ಮನಸ್ಸಿನಲ್ಲೇ ಕೋಳ ಹಾಕಿದ್ದೆ. ಎಲ್ಲ ಗಂಟು ಒಮ್ಮೆಲೇ ಸಡಿಲವಾಗಿತ್ತು. ಹುಡುಗಿ ಬದುಕಿದ್ದಾಳೆ, ಮಾವ ಮಾತು ಬಿಟ್ಟುಕೊಟ್ಟಿದ್ದಾನೆ, ಪ್ರೀತಿಸಿದವನು ಹೊರಗೆ ಟಾಂಗಾದಲ್ಲಿ ಕೂತಿದ್ದಾನೆ. ಪೊಲೀಸ್ ಕೆಲಸದಲ್ಲಿ ಇಂಥ ದಿನ ಎಷ್ಟು ಬರುತ್ತವೆ? ನನಗೆ ಉಮೇದಿ ಬಂದುಬಿಟ್ಟಿತು. ಮುದುಕಿಯ ಪಕ್ಕ ಚಕ್ಕಂಬಕ್ಕಳ ಹಾಕಿ ಕೂತು, ಬಾಯವ್ವನಿಗೆ ಎಲ್ಲವನ್ನೂ ವಿವರಿಸಿದೆ. ತೊಯ್ದ ಬಟ್ಟೆ, ಮುಂದಿನವರಿಗೆ ಬಲ, ಹಿಂದಿನವರಿಗೆ ಎಡ, ಬಿಸಿಲಿಗೆ ಹಿಡಿದ ಪಟ್ಟಿ. ಬಸಲಿಂಗವ್ವನ ಸೌಟನ್ನೂ ಬಿಡಲಿಲ್ಲ. ಅಮೋಘಸಿದ್ದಪ್ಪ ಗಹಗಹಿಸಿ ನಕ್ಕ. ಮುದುಕಿಯೂ ಬಾಯಿಗೆ ಸೆರಗು ಹಿಡಿದು ನಕ್ಕಳು.

“ನೀ ಹಿಂದ ಕುಂತಿದ್ದಿ, ನಿನಗ ಎಡಕ್ಕ ಕಾಣಿಸ್ತು. ನಿಂದೇನೂ ತಪ್ಪಿಲ್ಲ ತಂಗಿ. ಅವಂದೂ ತಪ್ಪಿಲ್ಲ. ಲಗಮಪ್ಪ ಕಿತ್ತೂರ ದಾರಿಯೊಳಗ ಹೊತ್ತು ನೆತ್ತಿಗೇರೋತನಾ ಕಾದಾನ.”

ಬಾಯವ್ವ ನಗಲಿಲ್ಲ.

“ಮೊದಲ ಎರಡು ಆಟಕ್ಕ ಹಿಂದ ಕುಂತಿದ್ದೆ ಸಾಹೇಬ್ರ,” ಎಂದಳು. “ಹಿಂದಿನಿಂದ ಆತನ ದನಿ ಅಷ್ಟ ಕೇಳತಿತ್ತು. ಮಾರಿ ಕಾಣತಿರಲಿಲ್ಲ. ಮಾರಿ ನೋಡಬೇಕು ಅನಿಸ್ತು. ಐತ್ವಾರ ಅವ್ವ ಹೆಂಗಸರೊಳಗ ಮಾತಿಗೆ ಬಿದ್ದಾಗ ಎದ್ದ ಬಂದು, ಸೆರಗಿನ್ಯಾಗ ಮುಚ್ಚಿ ತಂದಿದ್ದ ಅಪ್ಪನ ಪಟಗಾ ಸುತಗೊಂಡು, ಕಂಬಳಿ ಹೊಚಗೊಂಡು ಗಂಡಸರ ಕಡೆ ಕುಂತೆ. ಕಡೀ ಸಾಲಿನ್ಯಾಗ.”

ಅಮೋಘಸಿದ್ದಪ್ಪನ ನಗು ನಿಂತಿತು.

“ಅಂದ್ರ?” ಎಂದೆ.

“ಆ ಹುಡುಗಿ ಬಲಕ್ಕ ಹೊಳ್ಳಿದ್ದು ನಾ ನೋಡೀನ್ರಿ. ಆತ ಕಿತ್ತೂರ ದಾರಿಯೊಳಗ ನಿಂತಿರ್ತಾನಂತ ನನಗ ಗೊತ್ತಿತ್ತು. ಗೊತ್ತಿದ್ದ ಎಡಕ್ಕ ಬಂದೆ. ಬಂದು ಜೀವ ಉಳಿಸಿಕೊಂಡೆ.”

“ಯಾಕವ್ವಾ? ಯಾರಿಂದ?”

“ಆತನ್ನ ಕೇಳ್ರಿ.”

ಎದ್ದು ಬಾಗಿಲಿಗೆ ಓಡಿದೆ. ಟಾಂಗಾ ನಿಂತಿತ್ತು. ಟಾಂಗಾವಾಲಾ ಒಬ್ಬನೇ ನಿಂತು ಕುದುರೆಗೆ ಹುಲ್ಲು ತಿನ್ನಿಸುತ್ತಿದ್ದ.

“ನನ್ನ ಜೋಡಿ ಬಂದಾಂವ ಎಲ್ಲಿ?”

“ನೀವು ಒಳಗ ಹೋದ ಕೂಡ್ಲೆ ಹೊಂಟ್ರಲ್ರಿ. ಸಾಹೇಬ್ರ ಕಳಿಸ್ಯಾರ ಅಂದ್ರು. ಅಕಾ, ಆ ಹೊಲದಾಗ ಹಾದು ಓಡಿದ್ರು.”

ಅವನು ತೋರಿಸಿದ ಕಡೆ ನೋಡಿದೆ. ಕೊಯ್ಲಾದ ಎರೆಭೂಮಿ ಖಾಲಿ ಬಿದ್ದಿತ್ತು. ಅದರಾಚೆ ರಾಮದುರ್ಗ ಸಂಸ್ಥಾನ. ಅಲ್ಲಿ ಬ್ರಿಟಿಷ್ ಸರಕಾರದ ಫೌಜದಾರ ನಿಜಗುಣಪ್ಪನಾದ ನನಗೆ ದಾರಿಹೋಕನಷ್ಟೇ ಕಿಮ್ಮತ್ತು.

ಹಿಂದೆ ಹೆಜ್ಜೆಯ ಸದ್ದಾಯಿತು. ಬಾಯವ್ವ ಬಾಗಿಲಿಗೆ ಬಂದು ಖಾಲಿ ಟಾಂಗಾವನ್ನು ನೋಡಿದಳು. ಅಳಲಿಲ್ಲ. ಎದೆಯ ಮೇಲೆ ಕೈ ಇಟ್ಟುಕೊಂಡು ಉದ್ದಕ್ಕೆ ಉಸಿರು ಬಿಟ್ಟಳು.

“ಓಡಿದ್ನ? ಐತ್ವಾರ ಆತನ ದನಿ ಅಳತಿತ್ತು, ಮಾರಿ ಮಾತ್ರ ಬ್ಯಾಟಿ ಕಂಡ ಬ್ಯಾಟಿಗಾರನಂಗ ನಗತಿತ್ತು. ಹಂಗಾರ ನನ್ನ ಕಣ್ಣಿಗೆ ಕಂಡದ್ದು ಖರೇನ ಆತಲ್ರಿ,” ಎಂದಳು.